ನಟಿಯೊಬ್ಬರಿಗೆ ಹಲ್ಲು ಕಟ್ಟಿದ್ದು

ಹೋದ ತಿಂಗಳು ಟೊರಾಂಟೊದ ಕನ್ನಡದವರ ಊಟದ ಕೂಟವೊಂದರಲ್ಲಿ ಹುಬ್ಬಳ್ಳಿಯ ಹುಡುಗಿಯೊಬ್ಬಳು ತಟ್ಟೆ ಹಿಡಿದುಕೊಂಡು ಬಂದು ನನ್ನ ಪಕ್ಕ ಕೂತಳು. ಇಲ್ಲಿನ ಕಾಲೇಜಿನಲ್ಲಿ ಕಟ್ಟುಹಲ್ಲು ಮಾಡುವ ಡೆಂಚರಿಸ್ಟ್ ಕೋರ್ಸು ಓದುತ್ತಾಳೆ, ಸಂಜೆ ಹೊತ್ತು ಕಾಫಿ ಅಂಗಡಿಯಲ್ಲಿ ಶಿಫ್ಟು ಮಾಡುತ್ತಾಳೆ. ಅದೇ ಕೆಲಸ ಮಾಡಿ ಈ ವರ್ಷ ನಿವೃತ್ತನಾದವನು ನಾನು ಎಂದು ಯಾರೋ ಅವಳಿಗೆ ತೋರಿಸಿದ್ದರು.

"ಅಂಕಲ್, ಈಗ ಬಾಯಾಗ ಸ್ಕ್ಯಾನರ್ ಹಿಡದ್ರ ಸಾಕು, ಹಲ್ಲು ಜೋಡ್ಸೋದೆಲ್ಲಾ ಕಂಪ್ಯೂಟರೇ ಮಾಡ್ತೈತಿ. ಆದ್ರೂ ನಮ್ ಸರ್ ಮೇಣದಾಗ ಕೈಲೇ ಜೋಡ್ಸು ಅಂತಾರ. ಯಾಕ್ರೀ?"

ಪ್ರಶ್ನೆ ಸರಿಯಾಗಿಯೇ ಇತ್ತು. "ಮೊದ್ಲ ಊಟಾ ಮಾಡವಾ" ಎಂದು ಹೇಳಿ ನನ್ನ ತಟ್ಟೆಯ ಬದನೆಕಾಯಿ ಎಣಗಾಯಿಗೆ ಕೈ ಹಾಕಿದೆ. ಮನೆಗೆ ಬಂದ ಮೇಲೆ ಉತ್ತರ ಹೊಳೆಯತೊಡಗಿತು, ಆದರೆ ಅದು ಒಂದು ಮಾತಿನಲ್ಲಿ ಮುಗಿಯುವಂತಿರಲಿಲ್ಲ. ಅವಳಿಗಾಗಿ, ಅವಳ ಹಿಂದೆ ಈ ಕೆಲಸಕ್ಕೆ ಬರುವವರಿಗಾಗಿ ಬರೆಯುತ್ತಿದ್ದೇನೆ. ಕೆಲಸದ ಬಗ್ಗೆ ಬರೆಯಲು ಕೂತರೆ ಕೊನೆಗೆ ಒಬ್ಬ ಹೆಂಗಸಿನ ಕಥೆಯೇ ಆಗುತ್ತದೆ ಎಂದು ನನಗೆ ಗೊತ್ತು. ಆಗಲಿ.

ಡೆಂಚರಿಸ್ಟ್ ಎಂದರೆ ಹಲ್ಲಿನ ಡಾಕ್ಟರಲ್ಲ. ಡಾಕ್ಟರು ಕೀಳುತ್ತಾರೆ, ನಾವು ಕಟ್ಟುತ್ತೇವೆ. ಹುಬ್ಬಳ್ಳಿಯಲ್ಲಿ ಬಟ್ಟೆ ಅಂಗಡಿಯೊಂದರ ಮಾಳಿಗೆಯ ಮೇಲಿದ್ದ ಲ್ಯಾಬಿನಲ್ಲಿ ಈ ವಿದ್ಯೆ ಕಲಿತೆ. ಆಗ ನನ್ನನ್ನು ಎಲ್ಲರೂ ಹಲ್ಲು ಕಟ್ಟೋ ಪಾಟೀಲ ಎನ್ನುತ್ತಿದ್ದರು. ಕೆನಡಾಕ್ಕೆ ಬಂದ ಮೇಲೆ ನನ್ನ ಅರ್ಧ ವಯಸ್ಸಿನವರ ಜೊತೆ ಬೆಂಚಿನ ಮೇಲೆ ಕೂತು ಮತ್ತೆ ಓದಿದೆ, ಪರೀಕ್ಷೆ ಕೊಟ್ಟೆ, ಲೈಸೆನ್ಸು ತೆಗೆದುಕೊಂಡೆ. ಆ ಭಾಗ ಬರೆಯಲು ಹೋದರೆ ನನಗೇ ಆಕಳಿಕೆ ಬರುತ್ತದೆ, ಬಿಟ್ಟುಬಿಡುತ್ತೇನೆ.

ನಾನು ಹೆಚ್ಚು ಕಾಲ ದುಡಿದದ್ದು ಟೊರಾಂಟೊ ಪಕ್ಕದ ಥಾರ್ನ್‌ಹಿಲ್‌ನ ಒಂದು ಪ್ಲಾಜಾದಲ್ಲಿ, ಔಷಧಿ ಅಂಗಡಿಗೂ ಬೇಕರಿಗೂ ನಡುವೆ ಸಿಕ್ಕಿಕೊಂಡಿದ್ದ ಕ್ಲಿನಿಕ್ಕಿನಲ್ಲಿ. ಅದರ ಯಜಮಾನ ಸೆಮ್ಯೋನ್. ಉಕ್ರೇನಿನ ಒಡೆಸ್ಸಾದಿಂದ ಬಂದವನು. ಆನೆಯಂಥ ಆಳು, ಕೈ ಮಾತ್ರ ಹೂ ಕಟ್ಟುವವರ ಕೈ. ಕೆಲಸ ಚೆನ್ನಾಗಿ ಆದರೆ ಏನೂ ಹೇಳುತ್ತಿರಲಿಲ್ಲ, ಕೆಟ್ಟರೆ ಇಡೀ ಪ್ಲಾಜಾಕ್ಕೆ ಕೇಳುವಂತೆ ಹೇಳುತ್ತಿದ್ದ. ಅವನ ಕೈಕೆಳಗೆ ನಾನು ಕಲಿತ ಮೊದಲ ಪಾಠವೆಂದರೆ, ಗಿರಾಕಿ ಕುರ್ಚಿಯಲ್ಲಿ ಕೂತ ಕೂಡಲೇ ಬಾಯಿ ತೆರೆಸಬಾರದು. ಮೊದಲು ಮಾತಾಡಿಸಬೇಕು. ಬಾಯಿ ತೆರೆದರೆ ಒಸಡು ಕಾಣುತ್ತದೆ, ಮಾತಾಡಿದರೆ ಮನುಷ್ಯ ಕಾಣುತ್ತಾನೆ ಎನ್ನುತ್ತಿದ್ದ. ಇಂಥ ಮಾತು ವರ್ಷಕ್ಕೆ ಒಂದೋ ಎರಡೋ ಅವನ ಬಾಯಿಂದ ಬೀಳುತ್ತಿದ್ದವು, ಉಳಿದಂತೆ ಬೈಗುಳ.

ಆ ಪಾಠ ಎಷ್ಟು ನಿಜ ಎಂದು ತೋರಿಸಿಕೊಟ್ಟವರು ಬೆಳಗಾವಿಯ ಒಬ್ಬ ಅಜ್ಜಿ. ವಿಟ್ಬಿಯಲ್ಲಿ ಮಗಳ ಮನೆಗೆ ಬಂದಿದ್ದರು. ಮಗಳು ಕೈ ಹಿಡಿದುಕೊಂಡು ಬಂದು "ಚಪಾತಿ ಅಗಿಯೂ ಹಂಗ ಮಾಡಿಕೊಡ್ರಿ" ಎಂದಳು. ಅಜ್ಜಿ ಅವಳನ್ನು ಹೊರಗೆ ಕೂಡಲು ಹೇಳಿ ನನ್ನ ಕಡೆ ಬಾಗಿದರು. "ತಮ್ಮಾ, ಚಪಾತಿ ಹಾಲಾಗ ನೆನಸಿ ತಿಂತೀನಿ, ಅದರ ಚಿಂತಿ ಇಲ್ಲ. ಫೋನಿನ್ಯಾಗ ನನ್ನ ತಂಗಿ ಏನಂದಿ, ಏನಂದಿ ಅಂತ ಹತ್ತು ಸಲ ಕೇಳ್ತಾಳ. ಅಕಿಗೆ ತಿಳಿಯೂ ಹಂಗ ಮಾಡು." ಅಂದರೆ ಹಲ್ಲು ಊಟಕ್ಕೆ ಅಲ್ಲ, ತಂಗಿಗೆ. ನಾನು ತಂಗಿಗಾಗಿಯೇ ಕಟ್ಟಿಕೊಟ್ಟೆ.

ಹಲ್ಲು ಮಾತಿಗೆ ಕೂಡುತ್ತದೋ ಇಲ್ಲವೋ ಎಂದು ನೋಡಲು ಇಲ್ಲೊಂದು ಪದ್ಧತಿ ಇದೆ, ಹುಡುಗಿಗೆ ಈಗಾಗಲೇ ಕಲಿಸಿರುತ್ತಾರೆ. ಹಲ್ಲನ್ನು ಪ್ಲಾಸ್ಟಿಕ್ಕಿಗೆ ಹಾಕುವ ಮೊದಲು ಮೇಣದ ಮೇಲೆ ಜೋಡಿಸಿ ಗಿರಾಕಿಯ ಬಾಯಿಗಿಟ್ಟು ಇಂಗ್ಲಿಷಿನಲ್ಲಿ ಎಣಿಸಲು ಹೇಳುತ್ತೇವೆ. ಫಿಫ್ಟಿ ಫೈವ್ ಎಂದರೆ ಮೇಲಿನ ಹಲ್ಲು ಕೆಳತುಟಿಗೆ ತಾಗುವುದು ಕಾಣುತ್ತದೆ. ಸಿಕ್ಸ್ಟಿ ಸಿಕ್ಸ್ ಎಂದರೆ ಸಕಾರ ಸೀಟಿ ಹೊಡೆಯುತ್ತದೋ ಇಲ್ಲವೋ ಗೊತ್ತಾಗುತ್ತದೆ. ಸೀಟಿ ಬಂದರೆ ಮೇಣ ಕೆರೆದು ಮತ್ತೆ ಜೋಡಿಸಬೇಕು. ನಾನಂತೂ ಇದರ ಜೊತೆ ಮನಸ್ಸಿನಲ್ಲಿ ನಮ್ಮ ವರ್ಣಮಾಲೆಯನ್ನೂ ಇಟ್ಟುಕೊಳ್ಳುತ್ತಿದ್ದೆ. ಕಂಠದಿಂದ ಶುರುವಾಗಿ ತುಟಿಯವರೆಗೆ ಬರುವ ಅದಕ್ಕಿಂತ ಒಳ್ಳೆಯ ಬಾಯಿಯ ನಕ್ಷೆ ನಾನು ಕಂಡಿಲ್ಲ. ತ ಥ ದ ಧ ನ ಹೇಳುವಾಗ ನಾಲಿಗೆಗೆ ಹಲ್ಲು ಸಿಗದಿದ್ದರೆ ನಮ್ಮ ಸಾಲಿಯ ಮಾಸ್ತರರು ಕಿವಿ ಹಿಂಡುತ್ತಿದ್ದರು.

ತೆಕ್ಲೆ ನಮ್ಮ ಕ್ಲಿನಿಕ್ಕಿಗೆ ಬಂದದ್ದು ನಾನು ನಿವೃತ್ತನಾಗುವುದಕ್ಕೆ ಮೂರು ವರ್ಷ ಮೊದಲು. ಎಂಬತ್ತು ದಾಟಿದ ಹೆಂಗಸು. ನೆಟ್ಟಗಿನ ಬೆನ್ನು, ತಲೆಗೆ ಹಸಿರು ಸ್ಕಾರ್ಫು. ಸ್ಟೀಲ್ಸ್ ರಸ್ತೆಯ ಹತ್ತಿರ ಹಿರಿಯರಿಗೆಂದೇ ಇರುವ ಕಟ್ಟಡದಲ್ಲಿ ಒಬ್ಬರೇ ಇದ್ದರು, ಬಸ್ಸಿನಲ್ಲಿ ಬರುತ್ತಿದ್ದರು. ಹೆಸರು ಕೇಳಿ ಸೆಮ್ಯೋನ್ ಒಳಗಿನಿಂದ ಓಡಿ ಬಂದ. ಅವನು ಓಡಿದ್ದನ್ನು ನಾನು ಅದಕ್ಕೆ ಮೊದಲು ನೋಡಿರಲಿಲ್ಲ. ಆಕೆ ಲಿಥುವೇನಿಯಾದ ಸಿನಿಮಾ ನಟಿ. ಅವನು ಚಿಕ್ಕವನಿದ್ದಾಗ ಒಡೆಸ್ಸಾದ ಥಿಯೇಟರುಗಳಲ್ಲಿ ಆಕೆಯ ಸಿನಿಮಾಗಳನ್ನು ಹಲವು ಸಲ ನೋಡಿದ್ದನಂತೆ. ಕೈ ಎದೆಯ ಮೇಲಿಟ್ಟುಕೊಂಡು ಯಾವುದೋ ಒಂದು ದೃಶ್ಯದ ಮಾತನ್ನು ರಷ್ಯನ್ ಭಾಷೆಯಲ್ಲಿ ಹೇಳಿಯೇ ಬಿಟ್ಟ, ಹೆಂಗಸಿನ ದನಿ ಮಾಡಿಕೊಂಡು.

ತೆಕ್ಲೆ ಕೊನೆಯವರೆಗೂ ಕೇಳಿದರು. ಆಮೇಲೆ ಇಂಗ್ಲಿಷಿನಲ್ಲಿ, "ಆಕೆ ಬಹಳ ಒಳ್ಳೆಯ ನಟಿ, ತೀರಿಕೊಂಡರು ಎಂದು ಕೇಳಿದೆ" ಎಂದರು.

ಸೆಮ್ಯೋನ್ ಕಕ್ಕಾಬಿಕ್ಕಿಯಾದ. ಎದುರಿಗೆ ನಿಂತವರೇ ತೀರಿಕೊಂಡ ಸುದ್ದಿ ಹೇಳಿದರೆ ಯಾರಾದರೂ ಏನು ಮಾಡಬೇಕು? ಆಕೆಯೇ ಬಿಡಿಸಿ ಹೇಳಿದರು. ಆಗ ಅವರ ನಾಡು ಸೋವಿಯತ್ ಒಕ್ಕೂಟದಲ್ಲಿತ್ತು. ದೊಡ್ಡ ಸಿನಿಮಾಗಳು ತಯಾರಾಗುತ್ತಿದ್ದದ್ದು ಮಾಸ್ಕೋದಲ್ಲಿ. ಅವುಗಳಲ್ಲಿ ಜರ್ಮನ್ ಅಧಿಕಾರಿಯ ಹೆಂಡತಿ, ಇಂಗ್ಲಿಷ್ ಶ್ರೀಮಂತೆ, ಅಮೆರಿಕದ ಬೇಹುಗಾರ್ತಿ ಇಂಥ ಪರದೇಶಿ ಪಾತ್ರಗಳಿಗೆ ಲಿಥುವೇನಿಯಾದವರನ್ನು ಕರೆಸುತ್ತಿದ್ದರು, ಮುಖ ಪರದೇಶಿಯಂತೆ ಕಾಣುತ್ತದೆ ಎಂದು. ಆದರೆ ಬಾಯಿ ತೆರೆದರೆ ರಷ್ಯನ್ ಮಾತಿಗೆ ಲಿಥುವೇನಿಯಾದ ವಾಸನೆ. ಹಾಗಾಗಿ ಮುಖ ತೆಕ್ಲೆಯದು, ದನಿ ಮಾಸ್ಕೋದ ಇನ್ನೊಬ್ಬ ನಟಿಯದು. ಸೆಮ್ಯೋನ್ ಮನಸ್ಸು ಕೊಟ್ಟಿದ್ದು ಆ ಇನ್ನೊಬ್ಬಾಕೆಗೆ.

"ನಿನಗೆ ಬೇಜಾರು ಮಾಡಬೇಕೆಂದು ಹೇಳಲಿಲ್ಲ" ಎಂದು ಅವನ ಕೈ ತಟ್ಟಿದರು. ಅವನು ಆ ದಿನವೆಲ್ಲ ಯಾರನ್ನೂ ಬೈಯಲಿಲ್ಲ. ಕೇಸು ನನಗೆ ವಹಿಸಿದ.

ಕುರ್ಚಿಯಲ್ಲಿ ಕೂತು ತೆಕ್ಲೆ ತಮಗೆ ಬೇಕಾದ್ದನ್ನು ನೇರವಾಗಿ ಹೇಳಿದರು. ಅವರ ಸ್ವಂತ ದನಿ ಒಂದೇ ಒಂದು ಸಿನಿಮಾದಲ್ಲಿ ಇತ್ತು. ಹತ್ತೊಂಬತ್ತರ ವಯಸ್ಸಿನಲ್ಲಿ ಮಾಡಿದ್ದು, ನದಿ ದಾಟಿಸುವ ದೋಣಿಯವನ ಮಗಳ ಪಾತ್ರ, ಅವರದೇ ಭಾಷೆಯಲ್ಲಿ. ಆಮೇಲೆ ಅದಕ್ಕೆ ರಷ್ಯನ್ ದನಿ ಸೇರಿಸಿ ಇನ್ನೊಂದು ಪ್ರತಿ ಮಾಡಿದ್ದರು. ಉಳಿದದ್ದು ಆ ಪ್ರತಿ ಮಾತ್ರ, ಲಿಥುವೇನಿಯನ್ ದನಿಯ ಸುರುಳಿ ಎಲ್ಲೋ ಕಳೆದುಹೋಗಿತ್ತು. ಈಗ ಅವರ ನಾಡಿನ ಕೆಲವರು ಆ ಸಿನಿಮಾವನ್ನು ದುರಸ್ತಿ ಮಾಡುತ್ತಿದ್ದರು. ಅದರಲ್ಲಿ ನಟಿಸಿದವರ ಪೈಕಿ ಬದುಕಿದ್ದವರು ತೆಕ್ಲೆ ಒಬ್ಬರೇ. ದನಿಯ ಕೆಲಸ ಮಾಡುವ ರೂತಾ ಎಂಬ ಹುಡುಗಿ ಟೊರಾಂಟೊಗೆ ಬಂದು, ಆಕೆಯ ಮಾತನ್ನು ಆಕೆಯಿಂದಲೇ ಮತ್ತೆ ಹೇಳಿಸಿ ರೆಕಾರ್ಡ್ ಮಾಡುವವಳಿದ್ದಳು. ತೆಕ್ಲೆಯವರ ಹಳೆಯ ಹಲ್ಲಿನ ಸೆಟ್ಟು ಸಡಿಲವಾಗಿ ಮಾತಿಗೊಮ್ಮೆ ಸೀಟಿ ಹೊಡೆಯುತ್ತಿತ್ತು.

"ಮಾಸ್ಕೋದಲ್ಲಿ ಒಮ್ಮೆ ಸ್ಟುಡಿಯೋದ ಕ್ಯಾಂಟೀನಿನಲ್ಲಿ ಸಾಲಿನಲ್ಲಿ ನಿಂತಿದ್ದೆ" ಎಂದರು. "ನನ್ನ ಹಿಂದಿದ್ದ ಹೆಂಗಸು ಚಹಾ ಕೇಳಿದಳು. ಎಲ್ಲರೂ ಥಟ್ಟನೆ ತಿರುಗಿ ನನ್ನನ್ನು ನೋಡಿದರು. ಸಿನಿಮಾದ ದನಿ ಆಕೆಯದು, ಹೆಸರು ನನ್ನದು. ನೀವು ಸರಿಯಾದ ಜಾಗದಲ್ಲಿ ಉಸಿರು ಬಿಡುತ್ತೀರಿ, ದನಿ ಕೂಡಿಸಲು ನನಗೆ ಸುಲಭ ಎಂದು ಆಕೆ ನನ್ನನ್ನು ಹೊಗಳಿದಳು. ನನಗೆ ಬೇರೇನೂ ಬೇಡ. ನಾನು ಕಣ್ಣಿಗೆ ಬೀಳದಿದ್ದರೂ ಸರಿ, ದನಿ ಕೇಳಿ ಯಾರಾದರೂ ಒಬ್ಬರು ಇದು ತೆಕ್ಲೆ ಎನ್ನಬೇಕು. ಒಂದು ಸಲ ಸಾಕು."

ಅಚ್ಚು ತೆಗೆಯುವಾಗ ಬಾಯಿ ತುಂಬ ಹಿಟ್ಟಿನಂಥ ಸಾಮಾನು ಇದ್ದರೂ ಆಕೆ ಕಣ್ಣಿನಲ್ಲೇ ಮಾತಾಡುತ್ತಿದ್ದರು. ತೆಗೆದ ಮೇಲೆ ಕನ್ನಡಿಯಲ್ಲಿ ನೋಡಿಕೊಂಡು "ದಾಂತೀಸ್" ಎಂದು ನಿಟ್ಟುಸಿರು ಬಿಟ್ಟರು. ಹಾಗೆಂದರೆ ಏನೆಂದು ಕೇಳಿದೆ. ಹಲ್ಲುಗಳು ಎಂದರು. ನಮ್ಮಲ್ಲೂ ದಂತ ಎನ್ನುತ್ತೇವೆ ಎಂದೆ. ಆಕೆ ನಂಬಲಿಲ್ಲ. ಹಾಗಾದರೆ ಬೆಂಕಿಗೆ ಏನೆನ್ನುತ್ತೀರಿ ಎಂದು ಪರೀಕ್ಷೆ ಮಾಡಿದರು. ಅಗ್ನಿ ಎಂದೆ. ಅವರದು ಉಗ್ನಿಸ್. ಕನಸಿಗೆ? ಸ್ವಪ್ನ. ಅವರದು ಸಾಪ್ನಸ್. ಸಂಸ್ಕೃತಕ್ಕೂ ಅವರ ಭಾಷೆಗೂ ಇರುವ ಈ ನಂಟು ದೊಡ್ಡ ವಿದ್ವಾಂಸರಿಗೆ ಹಳೆಯ ಸುದ್ದಿ ಎಂದು ಆಮೇಲೆ ತಿಳಿಯಿತು. ನಮ್ಮಿಬ್ಬರಿಗೆ ಮಾತ್ರ ದೂರದ ಬೀಗರು ಪ್ಲಾಜಾದಲ್ಲಿ ಸಿಕ್ಕಷ್ಟು ಸಂತೋಷವಾಯಿತು.

ಆದರೆ ಎಲ್ಲ ಪದವೂ ಹೀಗೆ ಕೂಡಿಬರುವುದಿಲ್ಲ. ಮೊದಲ ದಿನ ಹೊರಡುವಾಗ ಬಾಗಿಲಲ್ಲಿ ನಿಂತು ನನ್ನತ್ತ ಕೈ ಬೀಸಿ "ಇಕಿ!" ಎಂದರು. ಹುಬ್ಬಳ್ಳಿಯವನ ಕಿವಿ. ಇಕಿ ಎಂದರೆ ನಮಗೆ ಈ ಹೆಂಗಸು. ಯಾರನ್ನು ತೋರಿಸುತ್ತಿದ್ದಾರೆ ಎಂದು ಹಿಂದೆ ತಿರುಗಿ ನೋಡಿದೆ. ಅಲ್ಲಿ ರಿಸೆಪ್ಷನ್ನಿನ ಹುಡುಗಿ ಇದ್ದಳು. ಏನೋ ದೂರು ಇರಬೇಕೆಂದು ಅವಳನ್ನು ಪಕ್ಕಕ್ಕೆ ಕರೆದು ವಿಚಾರಣೆ ಕೂಡ ಮಾಡಿದೆ. ಮರುವಾರ ಮತ್ತೆ "ಇಕಿ!" ಆಗ ಕೇಳಿಯೇ ಬಿಟ್ಟೆ, ಆ ಹುಡುಗಿ ಏನು ಮಾಡಿದಳು ಎಂದು. ಅದು ಅವರ ಭಾಷೆಯಲ್ಲಿ ಮತ್ತೆ ಸಿಗುವವರೆಗೆ ಎಂದು ಹೇಳುವ ರೀತಿಯಂತೆ. ರಿಸೆಪ್ಷನ್ನಿನ ಹುಡುಗಿಗೆ ಡೋನಟ್ ತಂದುಕೊಟ್ಟು ಸಮಾಧಾನ ಮಾಡಬೇಕಾಯಿತು.

ಮೇಣದ ಮೇಲೆ ನಾನು ಜೋಡಿಸಿದ ಮೊದಲ ಸೆಟ್ಟು, ನಾನೇ ಹೇಳಿಕೊಳ್ಳಬೇಕು, ಬಹಳ ಚೆಂದವಿತ್ತು. ಮುತ್ತು ಪೋಣಿಸಿದ ಹಾಗೆ ಸಾಲು. ಸೆಮ್ಯೋನ್ ಬಂದು ಬಗ್ಗಿ ನೋಡಿ ಏನೂ ಹೇಳದೆ ಹೋದ, ಅದಕ್ಕಿಂತ ದೊಡ್ಡ ಬಿರುದು ಆ ಕ್ಲಿನಿಕ್ಕಿನಲ್ಲಿ ಇರಲಿಲ್ಲ. ತೆಕ್ಲೆ ಸಿಕ್ಸ್ಟಿ ಸಿಕ್ಸ್ ಎಂದರು. ಸಕಾರ ಗಾಜಿನಷ್ಟು ಸ್ವಚ್ಛ. ಫಿಫ್ಟಿ ಫೈವ್ ಕೂಡ ಸರಿ. ನಾನು ಗೆದ್ದೆ ಎಂದುಕೊಂಡೆ.

ಆಕೆ ಮಾತ್ರ ಕನ್ನಡಿ ಕೆಳಗಿಟ್ಟು ತಮ್ಮ ಭಾಷೆಯಲ್ಲಿ ಏನೋ ಗುನುಗಿಕೊಂಡರು. ಮತ್ತೆ ಗುನುಗಿದರು. ಕಣ್ಣಲ್ಲಿ ನೀರು ಬಂದಿತ್ತು. "ಪಾಟೀಲ್, ಹಲ್ಲು ಬಹಳ ಸುಂದರವಾಗಿವೆ" ಎಂದರು. "ಆದರೆ ನೀನೂ ನನಗೆ ಡಬ್ಬಿಂಗ್ ಮಾಡಿಬಿಟ್ಟೆ."

ನನ್ನ ಮುಖ ಸಣ್ಣದಾಯಿತು. ಸ್ವಲ್ಪ ಸಿಟ್ಟೂ ಬಂತು, ಸುಳ್ಳು ಹೇಳಲಾರೆ. ಎಣಿಸುವಾಗ ಎಲ್ಲ ಸರಿಯಿತ್ತಲ್ಲ ಎಂದೆ. "ಅದು ಇಂಗ್ಲಿಷಿನ ಅರವತ್ತಾರು. ನಮ್ಮ ಅರವತ್ತಾರು ಕೇಳು" ಎಂದು ಹೇಳಿದರು. "ಶೆಶಸ್‌ದೆಶಿಮ್ತ್ ಶೆಶಿ." ಇಂಗ್ಲಿಷಿನಲ್ಲಿ ಸಕಾರಗಳ ಸಾಲು ಇದ್ದಲ್ಲೇ ಅವರ ಭಾಷೆಯಲ್ಲಿ ಶಕಾರಗಳ ಸಾಲು. ಅದೇ ಸಂಖ್ಯೆ, ನಾಲಿಗೆ ಹೋಗುವ ಜಾಗ ಬೇರೆ. ಇಷ್ಟು ವರ್ಷ ಚೀನಾದವರು, ಇರಾನಿನವರು, ನಮ್ಮವರು, ಯಾರೇ ಬಂದು ಆ ಕುರ್ಚಿಯಲ್ಲಿ ಕೂತರೂ ಇಂಗ್ಲಿಷಿನಲ್ಲೇ ಎಣಿಸಲು ಹೇಳಿ ಕಳಿಸಿದ್ದೆ. ಅವರೆಲ್ಲ ಮನೆಗೆ ಹೋಗಿ ಮಾತಾಡಿದ್ದು ಇಂಗ್ಲಿಷ್ ಅಲ್ಲ.

"ನಮ್ಮಲ್ಲಿ ನಾನು ಎನ್ನಲು ಅಶ್ ಎನ್ನುತ್ತೇವೆ" ಎಂದರು ತೆಕ್ಲೆ. "ಈ ಹಲ್ಲಿನಲ್ಲಿ ಆ ಪದವೇ ನನ್ನದಾಗಿ ಬರುತ್ತಿಲ್ಲ."

ರೂತಾ ಕಳಿಸಿದ್ದ ಸಿನಿಮಾದ ತುಣುಕನ್ನು ನನಗೆ ತೋರಿಸಲು ಆಕೆ ನಮ್ಮ ಮನೆಗೇ ಬಂದರು. ನಾವಿರುವ ನ್ಯೂಮಾರ್ಕೆಟ್‌ವರೆಗೆ ನಾನೇ ಕಾರಿನಲ್ಲಿ ಕರೆತಂದೆ. ನನ್ನ ಹೆಂಡತಿ ಸುಮಿತ್ರಾ, ಸಿನಿಮಾ ನಟಿ ಬರುತ್ತಾರೆಂದು ರೇಷ್ಮೆ ಸೀರೆ ಉಟ್ಟು, ಅದರ ಮೇಲೆ ಅಡುಗೆ ಏಪ್ರನ್ ಕಟ್ಟಿಕೊಂಡು ನಿಂತಿದ್ದಳು. ರಷ್ಯನ್ ದನಿ ಬೇಡವೆಂದು ಟಿವಿಯ ಸದ್ದು ಬಂದ್ ಮಾಡಿ ನೋಡಿದೆವು. ದೋಣಿಯಲ್ಲಿ ನಿಂತ ತೆಳ್ಳಗಿನ ಹುಡುಗಿ, ಗಾಳಿಗೆ ಹಾರುವ ಕೂದಲು. ನಕ್ಕಾಗ ಮೇಲಿನ ಸಾಲಿನ ಮುಂದಿನ ಎರಡು ಹಲ್ಲುಗಳ ನಡುವೆ ಸಣ್ಣ ಸಂದು.

"ಅಯ್ಯ, ಹಲ್ಲಾಗ ಸಂದಿ ಐತಿ! ಎಷ್ಟ ಚೆಂದ ಕಾಣ್ತಾರ ನೋಡ್ರಿ" ಎಂದಳು ಸುಮಿತ್ರಾ.

ನಾನು ಅದನ್ನು ಇಂಗ್ಲಿಷಿನಲ್ಲಿ ಹೇಳಿದಾಗ ತೆಕ್ಲೆ ನಾಚಿ ಬಾಯಿಗೆ ಕೈ ಅಡ್ಡ ಹಿಡಿದರು, ಈಗ ಆ ಹಲ್ಲು ಇಲ್ಲದಿದ್ದರೂ. ಮಾಸ್ಕೋದಲ್ಲಿ ಶೂಟಿಂಗಿಗೆ ಮೊದಲು ಮೇಕಪ್ಪಿನವನು ಆ ಸಂದಿಗೆ ಬಿಳಿ ಮೇಣ ತುಂಬುತ್ತಿದ್ದನಂತೆ. ಶ್ರೀಮಂತರ ಹೆಂಡತಿಯರಿಗೆ ಸಂದು ಇರಬಾರದು. ಊರಿನ ಈ ಸಿನಿಮಾದಲ್ಲಿ ಮಾತ್ರ ಇದ್ದ ಹಾಗೆ ಬಿಟ್ಟಿದ್ದರು. ಅವರು ಮೇಣ ತುಂಬಿದ್ದನ್ನೇ ನಾನು ಅಷ್ಟು ವರ್ಷಗಳ ಮೇಲೆ ಇನ್ನೂ ಗಟ್ಟಿಯಾಗಿ, ಇನ್ನೂ ಚೆಂದವಾಗಿ ಮಾಡಿದ್ದೆ.

ಆ ಸಂಜೆ ಊಟಕ್ಕೆ ಕೂತಾಗ ನಮ್ಮ ಸಿನಿಮಾಗಳ ಮಾತು ಬಂತು. ನಮ್ಮ ರಾಜ್ಯದಲ್ಲಿ ಬೇರೆ ಭಾಷೆಯ ಸಿನಿಮಾಗಳನ್ನು ಡಬ್ ಮಾಡಬಾರದು ಎಂದು ಬಹಳ ವರ್ಷ ಹಟ ಹಿಡಿದಿದ್ದೆವು ಎಂದೆ. ತೆಕ್ಲೆಯ ಕೈಯಲ್ಲಿದ್ದ ರೊಟ್ಟಿ ಅಲ್ಲೇ ನಿಂತಿತು. "ಅಂಥ ಊರೂ ಇದೆಯಾ? ನಾನು ಅಲ್ಲಿ ಹುಟ್ಟಬೇಕಿತ್ತು" ಎಂದರು. ಸುಮಿತ್ರಾ ಸುಮ್ಮನಿರುವವಳಲ್ಲ. "ಪೂರ್ತಿ ಹೇಳ್ರಿ ಅವರಿಗೆ. ಹೀರೋಯಿನ್ನು ಮುಂಬೈಕಿ, ದನಿ ಬೆಂಗಳೂರಾಕಿದು. ಅದು ಡಬ್ಬಿಂಗ್ ಅಲ್ಲೇನು?" ಎಂದಳು. ಅದನ್ನೂ ಹೇಳಬೇಕಾಯಿತು. ತೆಕ್ಲೆ ಬಹಳ ಹೊತ್ತು ನಕ್ಕರು, ಹಳೆಯ ಸೆಟ್ಟು ಜಾರಿ ನೀರಿನ ಲೋಟಕ್ಕೆ ಬೀಳುವಷ್ಟು. ಆಮೇಲಿಂದ ಅವರಿಬ್ಬರಿಗೂ ನನ್ನ ಹಂಗು ಬೇಕಾಗಲಿಲ್ಲ. ತಿಂಗಳಿಗೊಂದು ಭಾನುವಾರ ತೆಕ್ಲೆ ಬಂದು ಅಡುಗೆಮನೆಯಲ್ಲಿ ಸ್ಟೂಲಿನ ಮೇಲೆ ಕೂರುವರು. ಒಬ್ಬರದು ಹರಕು ಇಂಗ್ಲಿಷು, ಇನ್ನೊಬ್ಬಳದು ಇನ್ನೂ ಹರಕು, ಮಾತಿಗೆ ಮಾತ್ರ ಬರವಿರಲಿಲ್ಲ.

ನಾನು ಮತ್ತೆ ಮೇಣಕ್ಕೆ ಕೂತೆ. ಕ್ಲಿನಿಕ್ಕಿಗೆ ಆ ಹೊತ್ತಿಗೆ ಸ್ಕ್ಯಾನರ್ ಬಂದಿತ್ತು. ಸೆಮ್ಯೋನ್ ಅದರ ಮೇಲೆ ಕೈಯಾಡಿಸುತ್ತ, ಈಗ ಹುಬ್ಬಳ್ಳಿ ಹುಡುಗಿ ಕೇಳಿದ ಪ್ರಶ್ನೆಯನ್ನೇ ಆಗ ಕೇಳಿದ, ಯಾಕೆ ಕೈಯಲ್ಲಿ ಮಾಡುತ್ತೀಯ ಎಂದು. ಯಂತ್ರಕ್ಕೆ ಕೊಟ್ಟು ನೋಡಿದೆವು. ಸಂದು ಬಿಡು ಎಂದರೆ ಬಿಟ್ಟಿತು, ಅಳತೆ ಹಿಡಿದು ಸರಿಯಾಗಿ ನಡುವೆ. ತೆಕ್ಲೆಯ ಸಂದು ಹಾಗಿರಲಿಲ್ಲ. ಬಲಗಡೆಯ ಹಲ್ಲು ಕೂದಲೆಳೆಯಷ್ಟು ಹೊರಗೆ ತಿರುಗಿತ್ತು, ಉಸಿರು ಅದರ ಬದಿಯಿಂದ ಜಾರುತ್ತಿತ್ತು. ಆಕೆಯನ್ನು ಕೂರಿಸಿಕೊಂಡು, ಒಂದು ಹಲ್ಲು ಸರಿಸುವುದು, ಅಶ್ ಎನ್ನಿಸುವುದು, ಮತ್ತೆ ಮೇಣ ಬೆಚ್ಚಗೆ ಮಾಡಿ ಸರಿಸುವುದು, ಹೀಗೆ ಹಲವು ಬೆಳಗುಗಳು ಹೋದವು. ನಡುವೆ ಬೇಸರವಾದರೆ ನಾನು ವರ್ಣಮಾಲೆ ಹೇಳಿಕೊಡುತ್ತಿದ್ದೆ. ಕ ಖ ಗ ಘ ಙ. ನಾಟಕ ಶಾಲೆಯಲ್ಲಿ ತಮಗೆ ಕಷ್ಟಪಟ್ಟು ಕಲಿಸಿದ್ದನ್ನು ನಿಮ್ಮಲ್ಲಿ ಪುಟ್ಟ ಮಕ್ಕಳು ಕೂಗುತ್ತಾರಲ್ಲ ಎಂದು ಅವರಿಗೆ ಆಶ್ಚರ್ಯ.

ಒಂದು ಬೆಳಿಗ್ಗೆ ಅಶ್ ಎಂದರು. ಇನ್ನೊಮ್ಮೆ ಹೇಳಿದರು. ನನ್ನ ತೋಳನ್ನು ಗಟ್ಟಿಯಾಗಿ ಹಿಡಿದುಕೊಂಡರು. ಪುಸ್ತಕವನ್ನು ಕೇಳಿದರೆ ಅಷ್ಟು ಸಣ್ಣ ಸಂದಿನಿಂದ ದನಿ ಬದಲಾಗುವುದು ಅನುಮಾನ ಎನ್ನಬಹುದು. ನನಗೆ ಕೇಳಿಸಿತು. ಆಕೆಗೂ ಕೇಳಿಸಿತು. ಮುಗಿಸಿದ ಸೆಟ್ಟನ್ನು ನೋಡಿ ಸೆಮ್ಯೋನ್, ಇಂಥ ವಕ್ರ ಹಲ್ಲು ನನ್ನ ಕ್ಲಿನಿಕ್ಕಿನಿಂದ ಹೊರಗೆ ಹೋದರೆ ಮಾನ ಹೋಗುತ್ತದೆ ಎಂದು ಕೂಗಾಡಿದ. ಸಂಜೆ ಅದನ್ನು ತಾನೇ ಕೂತು ಪಾಲಿಷ್ ಮಾಡಿದ.

ರೂತಾ ಬಂದಳು. ಟೊರಾಂಟೊದ ಒಂದು ಬೇಸ್‌ಮೆಂಟು ಸ್ಟುಡಿಯೋದಲ್ಲಿ ರೆಕಾರ್ಡಿಂಗು. ಹಲ್ಲು ಎಲ್ಲಾದರೂ ಒತ್ತಿದರೆ ಸರಿ ಮಾಡಲು ಬೇಕು ಎಂದು ತೆಕ್ಲೆ ನನ್ನನ್ನೂ ಕರೆದುಕೊಂಡು ಹೋದರು. ಚೀಲದಲ್ಲಿ ಸಾಮಾನು ಹಾಕಿಕೊಂಡು ಮೂಲೆಯಲ್ಲಿ ಕೂತೆ.

ಪರದೆಯ ಮೇಲೆ ಹತ್ತೊಂಬತ್ತರ ಹುಡುಗಿ ತುಟಿ ಆಡಿಸುತ್ತಿದ್ದಳು. ಮೈಕಿನ ಮುಂದೆ ಎಂಬತ್ತು ದಾಟಿದ ಹೆಂಗಸು. ಕೈಯಲ್ಲಿ ಕಾಗದವಿಲ್ಲ. ತಮ್ಮದೇ ತುಟಿಯನ್ನು ನೋಡಿ ಮಾತುಗಳನ್ನು ಎತ್ತಿಕೊಳ್ಳುತ್ತಿದ್ದರು. ಒಂದು ಅಕ್ಷರವೂ ತಪ್ಪಲಿಲ್ಲ, ಒಂದು ಸೀಟಿಯೂ ಬರಲಿಲ್ಲ. ನನಗೆ ಅರ್ಥವಾದ ಪದವೆಂದರೆ ಅಶ್ ಒಂದೇ, ಅದು ಬಂದಾಗಲೆಲ್ಲ ನನ್ನ ಎದೆ ಉಬ್ಬುತ್ತಿತ್ತು. ಆಮೇಲೆ ರೂತಾ ಅದನ್ನೆಲ್ಲ ಚಿತ್ರದ ಜೊತೆ ಕೂಡಿಸಿ ಹಾಕಿ ತೋರಿಸಿದಳು. ಎಳೆಯ ಮುಖದಿಂದ ಮುದುಕಿಯ ದನಿ ಬರುತ್ತಿತ್ತು. ಎಲ್ಲ ಸರಿಯಾಗಿತ್ತು, ವಯಸ್ಸೊಂದನ್ನು ಬಿಟ್ಟು. ಅದಕ್ಕೆ ನನ್ನ ಚೀಲದಲ್ಲಿ ಯಾವ ಸಾಮಾನೂ ಇರಲಿಲ್ಲ.

ರೂತಾ ಏನೋ ಹೇಳಲು ಹೋಗಿ ತಡವರಿಸಿದಳು. ಅವಳ ಕಷ್ಟ ತಪ್ಪಿಸಿದವರು ತೆಕ್ಲೆಯೇ. ನನಗೂ ತಿಳಿಯಲಿ ಎಂದು ಇಂಗ್ಲಿಷಿನಲ್ಲಿ ಹೇಳಿದರು. "ಪರದೆಯ ಮೇಲಿನ ಈ ಹುಡುಗಿಗೆ ಒಬ್ಬ ಹುಡುಗಿಯ ದನಿ ಬೇಕು. ಊರಿಗೆ ಹೋಗಿ ಒಳ್ಳೆಯವಳನ್ನು ಹುಡುಕು. ನಾನು ಹೇಳಿದ್ದನ್ನು ಅವಳಿಗೆ ಕೇಳಿಸು, ಎಲ್ಲಿ ಉಸಿರು ಬಿಡಬೇಕೆಂದು ಗೊತ್ತಾಗಲಿ." ಎಷ್ಟು ಸಲೀಸಾಗಿ ಹೇಳಿದರೆಂದರೆ ನನಗೆ ಸಂಕಟವಾಯಿತು. ಹಾಗೆ ಬದಿಗೆ ಸರಿದು ನಿಲ್ಲುವುದು ಆಕೆಗೆ ಅಭ್ಯಾಸವಾಗಿಹೋಗಿತ್ತು.

ಕೋಟು ತೊಟ್ಟುಕೊಂಡವರು ಮತ್ತೆ ತಿರುಗಿ ಬಂದರು. ಸಿನಿಮಾದ ಕೊನೆಯ ಹತ್ತಿರ ಒಂದು ದೃಶ್ಯವಿದೆ ಎಂದರು. ಮಂಜು ಮುಸುಕಿದ ನದಿ. ಆಚೆ ದಡದಲ್ಲಿ ತಂದೆ. ಈಚೆ ದಡದಲ್ಲಿ ಹುಡುಗಿ ನಮಗೆ ಬೆನ್ನು ಮಾಡಿ ನಿಂತು ಅವನಿಗೆ ಕೂಗಿ ಹೇಳುತ್ತಾಳೆ. ದೂರದಿಂದ ತೆಗೆದದ್ದು, ಮುಖ ಕಾಣುವುದಿಲ್ಲ. "ಅಲ್ಲಿ ನಾನು ಕೂಗಿದರೆ ಯಾರ ಮುಖಕ್ಕೂ ತೊಂದರೆಯಿಲ್ಲ" ಎಂದು ಕೋಟನ್ನು ನನ್ನ ಕೈಗೆ ಕೊಟ್ಟರು. ಮೈಕಿನಿಂದ ದೂರ, ಗೋಡೆಯ ಹತ್ತಿರ ಹೋಗಿ ನಿಂತು ಎದೆ ತುಂಬ ಉಸಿರು ತೆಗೆದುಕೊಂಡರು.

"ಅತೇಯ್ನು!"

ಬೇಸ್‌ಮೆಂಟಿನ ಗೋಡೆ ಅದುರಿತು. ಬಂದೆ ಎಂದು ಅದರ ಅರ್ಥ. ಇನ್ನೂ ಹೊರಡದವರೂ ಕರೆದವರಿಗೆ ಬಂದೆ, ಬಂದೆ ಎನ್ನುವುದಿಲ್ಲವೇ, ಹಾಗೆ. ಆ ಕೂಗಿಗೆ ವಯಸ್ಸು ಎಷ್ಟೆಂದು ನನಗೆ ಹೇಳಲು ಬರುವುದಿಲ್ಲ. ಇನ್ನೊಮ್ಮೆ ಬೇಡ, ಇದೇ ಇರಲಿ ಎಂದಳು ರೂತಾ.

ಈ ವರ್ಷ ವಸಂತದಲ್ಲಿ ತೆಕ್ಲೆ ಹೋಗಿಬಿಟ್ಟರು. ಅವರಿಗೊಬ್ಬ ಮಗನಿದ್ದ, ಅವನೇ ಫೋನು ಮಾಡಿ ತಿಳಿಸಿದ. ಸೆಮ್ಯೋನ್ ಕ್ಲಿನಿಕ್ಕಿಗೆ ಅರ್ಧ ದಿನ ರಜೆ ಹಾಕಿದ. ನಾನೂ ಸುಮಿತ್ರಾಳೂ ಹೋಗಿ ನೋಡಿ ಬಂದೆವು. ಬಾಯಿ ಸ್ವಲ್ಪ ತೆರೆದಿತ್ತು, ಸಂದು ಕಾಣುತ್ತಿತ್ತು. ಆಮೇಲೆ ಬೇಸಿಗೆಯಲ್ಲಿ ನಾನು ಕೆಲಸ ಬಿಟ್ಟೆ. ಬಿಟ್ಟ ಮೇಲೆ ಗೊತ್ತಾಯಿತು, ನನಗೆ ಹಲ್ಲುಗಳ ನೆನಪು ಬರುವುದಿಲ್ಲ, ಆ ಕುರ್ಚಿಯಲ್ಲಿ ಕೂತವರ ಮಾತುಗಳ ನೆನಪು ಬರುತ್ತದೆ. ಭಾನುವಾರ ಬಂದರೆ ಸ್ಟೂಲು ಖಾಲಿ ಎಂದು ಸುಮಿತ್ರಾ ಅದನ್ನು ಕೆಳಗೆ ಬೇಸ್‌ಮೆಂಟಿನಲ್ಲಿ ಇಟ್ಟುಬಿಟ್ಟಳು.

ಹೋದ ವಾರ ರೂತಾಳಿಂದ ಸಿನಿಮಾ ಬಂತು, ದುರಸ್ತಿ ಮುಗಿದದ್ದು. ಮಧ್ಯಾಹ್ನ ಟಿವಿಗೆ ಹಾಕಿಕೊಂಡು ಕೂತೆ. ಸುಮಿತ್ರಾ ಅಡುಗೆಮನೆಯಲ್ಲಿ ಹಿಟ್ಟು ನಾದುತ್ತಿದ್ದಳು. ನಾನು ಯಾವ ಸಿನಿಮಾ ನೋಡುತ್ತಿದ್ದೇನೆ ಎಂದು ಅವಳಿಗೆ ಹೇಳಿರಲಿಲ್ಲ. ಮೊದಲು ಒಬ್ಬನೇ ನೋಡಬೇಕೆನಿಸಿತ್ತು.

ರೂತಾ ಒಳ್ಳೆಯ ಹುಡುಗಿಯನ್ನೇ ಹುಡುಕಿದ್ದಳು. ತಿಳಿನೀರಿನಂಥ ದನಿ, ಉಸಿರು ಬಿಡುವುದೆಲ್ಲ ತೆಕ್ಲೆ ತೋರಿಸಿದ ಜಾಗದಲ್ಲೇ. ನಾನು ದೋಣಿಯ ಹುಡುಗಿಯ ಸಂದನ್ನೇ ನೋಡುತ್ತ ಕೂತಿದ್ದೆ. ಒಂದು ಗಂಟೆಗೂ ಹೆಚ್ಚು ಹೊತ್ತು ಯಾರ್ಯಾರೋ ಮಾತಾಡಿದರು, ಜಗಳವಾಡಿದರು, ಹಾಡಿದರು. ಅಡುಗೆಮನೆಯಲ್ಲಿ ಪಾತ್ರೆಯ ಸದ್ದು ನಿಲ್ಲಲಿಲ್ಲ.

ನದಿ ಬಂತು, ಮಂಜು ಬಂತು. ಹುಡುಗಿ ಬೆನ್ನು ತಿರುಗಿಸಿ ನಿಂತಳು. ಬೆರಳಿನಷ್ಟು ಚಿಕ್ಕದಾಗಿ ಕಾಣುತ್ತಿದ್ದಳು.

"ಅತೇಯ್ನು!"

ಅಡುಗೆಮನೆಯಲ್ಲಿ ಲಟ್ಟಣಿಗೆ ನಿಂತಿತು. ಸುಮಿತ್ರಾ ಹಿಟ್ಟಿನ ಕೈಯಲ್ಲೇ ನನ್ನನ್ನೂ ಟಿವಿಯನ್ನೂ ದಾಟಿಕೊಂಡು ಸೀದಾ ಮುಂಬಾಗಿಲಿಗೆ ನಡೆದಳು. "ತೆಕ್ಲೆ ಬಂದ್ರು ನೋಡ್ರಿ. ಕುಂತೇ ಇದ್ದೀರಲ್ಲ, ಬಾಗಲಾ ತಗೀಬಾರದೇನು?" ಎಂದಳು.

ಚಿಲಕಕ್ಕೆ ಕೈ ಹಚ್ಚಿದ ಮೇಲೆ ಅವಳಿಗೆ ನೆನಪಾಯಿತು.